ಕಾರಿಗೆ ಬಟನ್ ಬಂತು, ಕೋವಿಗೆ ಯಾಕೆ ಬರಲಿಲ್ಲ?

ಚುನಾವಣೆ ಮುಗಿದ ಮೇಲೆ ಒಂದು ದಿನ ದೊಡ್ಡಪ್ಪನ ಜೊತೆ ಪೊಲೀಸ್ ಠಾಣೆಗೆ ಹೋಗಿದ್ದೆ. ಮಲೆನಾಡಿನಲ್ಲಿ ಬೆಳೆ ರಕ್ಷಣೆಗೆ ಲೈಸೆನ್ಸ್ ಮಾಡಿಸಿ ಕೋವಿ ಇಟ್ಟುಕೊಂಡವರಿಗೆ ಇದು ಮಾಮೂಲಿ ಓಡಾಟ. ಚುನಾವಣೆ ಘೋಷಣೆಯಾದರೆ ಕೋವಿ ಠಾಣೆಗೆ ಹೋಗಬೇಕು, ಮುಗಿದ ಮೇಲೆ ಮನೆಗೆ ಬರಬೇಕು. ವಾಪಸ್ ಬರುವಾಗ ಕಾರು ಓಡಿಸುತ್ತಿದ್ದ ದೊಡ್ಡಪ್ಪನ ಮಗ ಕೇಳಿದ: "ಅಪ್ಪ, ಈ ಕಾರಿಗೆ ಕೀಲಿಯೂ ಬೇಡ, ಬಟನ್ ಒತ್ತಿದ್ರೆ ಸಾಕು. ಫೋನು ನನ್ನ ಬೆರಳು ನೋಡಿ ತೆರ್ಕೊಳ್ಳುತ್ತೆ. ನಿನ್ನ ಕೋವಿಗೆ ಮಾತ್ರ ಇನ್ನೂ ಸುತ್ತಿಗೆ ಏಟೇ ಬೇಕಾ?"

ದೊಡ್ಡಪ್ಪ ಕಿಟಕಿಯಾಚೆ ನೋಡುತ್ತಲೇ ಹೇಳಿದರು: "ಕಾರು ಸ್ಟಾರ್ಟ್ ಆಗ್ಲಿಲ್ಲ ಅಂದ್ರೆ ಇಳಿದು ತಳ್ಳಬಹುದು ಮಾರಾಯ. ಕೋವಿ ತಳ್ಳೋಕಾಗುತ್ತಾ?"

ಎಲ್ಲರೂ ನಕ್ಕೆವು. ಆದರೆ ಪ್ರಶ್ನೆ ನನ್ನ ತಲೆಯಲ್ಲೇ ಉಳಿಯಿತು. ವಿದ್ಯುತ್ತಿನಿಂದ ಹಾರುವ ಬಂದೂಕು ಸಾಧ್ಯವೇ ಇಲ್ಲವೇ? ಸಾಧ್ಯವಿದ್ದರೆ ಅದು ಯಾಕೆ ಎಲ್ಲೂ ಕಾಣುವುದಿಲ್ಲ? ಓದುತ್ತಾ ಹೋದಂತೆ ತಿಳಿದದ್ದು, ಅದು ಸಾಧ್ಯ ಮಾತ್ರವಲ್ಲ, ಹಳೆಯದೂ ಹೌದು. ನಮ್ಮ ವಾಯುಪಡೆಯ ವಿಮಾನಗಳಲ್ಲಿ, ಸೇನೆಯ ಟ್ಯಾಂಕ್‌ಗಳಲ್ಲಿ ಅದು ದಿನನಿತ್ಯ ಕೆಲಸ ಮಾಡುತ್ತಿದೆ. ಕೈಯಲ್ಲಿ ಹಿಡಿಯುವ ಕೋವಿಗೆ ಮಾತ್ರ ಅದು ಒಗ್ಗಲಿಲ್ಲ. ಅದಕ್ಕೆ ಕಾರಣ ತಂತ್ರಜ್ಞಾನದ ಕೊರತೆಯಲ್ಲ. ದೊಡ್ಡಪ್ಪ ತಮಾಷೆಗೆ ಹೇಳಿದ ಮಾತಿಗೆ ಬಹಳ ಹತ್ತಿರವಾದ ಸಂಗತಿ.

ಟ್ರಿಗರ್ ಎಳೆದಾಗ ಏನಾಗುತ್ತದೆ?

ಮೊದಲು ಮಾಮೂಲಿ ಕೋವಿಯ ಕೆಲಸ ನೋಡೋಣ. ಒಂದು ತೋಟಾದಲ್ಲಿ ನಾಲ್ಕು ಭಾಗಗಳಿರುತ್ತವೆ: ಹೊರಗಿನ ಕೊಳವೆ, ಮುಂದೆ ಗುಂಡು ಅಥವಾ ಚರೆ, ಒಳಗೆ ಮದ್ದು, ಹಿಂದೆ ತಳದಲ್ಲಿ ಒಂದು ಪುಟ್ಟ ಕೇಪು. ಈಗಿನ ತೋಟಾದ ಮದ್ದಿಗೆ ಬೆಂಕಿ ತಾಗಬೇಕು. ಸುಮ್ಮನೆ ಗುದ್ದಿದರೆ ಸಾಲದು. ಗುದ್ದಿದರೆ ಹೊತ್ತಿಕೊಳ್ಳುವುದು ಕೇಪಿನೊಳಗಿನ ರಾಸಾಯನಿಕ. ಟ್ರಿಗರ್ ಎಳೆದಾಗ ಬಿಗಿದಿಟ್ಟ ಸ್ಪ್ರಿಂಗ್ ಸಡಿಲಗೊಳ್ಳುತ್ತದೆ, ಕುದುರೆ ಮುಂದಕ್ಕೆ ಬೀಳುತ್ತದೆ, ಒಂದು ಉಕ್ಕಿನ ಮೊಳೆ ಕೇಪಿಗೆ ಬಡಿಯುತ್ತದೆ. ಕೇಪು ಕಿಡಿಯಾಗುತ್ತದೆ, ಕಿಡಿಯಿಂದ ಮದ್ದು ಉರಿಯುತ್ತದೆ, ಆ ಅನಿಲದ ಒತ್ತಡ ಗುಂಡನ್ನು ನಳಿಗೆಯಿಂದ ಹೊರದಬ್ಬುತ್ತದೆ.

ಈ ಬಡಿದು ಹೊತ್ತಿಸುವ ಉಪಾಯ ಹೊಳೆದದ್ದು ಸ್ಕಾಟ್ಲೆಂಡಿನ ಒಬ್ಬ ಪಾದ್ರಿಗೆ. ಅಲೆಕ್ಸಾಂಡರ್ ಜಾನ್ ಫೋರ್ಸಿತ್‌ಗೆ ಹಕ್ಕಿ ಬೇಟೆಯ ಹುಚ್ಚು. ಆ ಕಾಲದ ಚಕಮಕಿ ಕಲ್ಲಿನ ಬಂದೂಕಿನಲ್ಲಿ ಮೊದಲು ಹೊರಗೆ ಕಿಡಿ ಮಿಂಚುತ್ತಿತ್ತು, ಆಮೇಲೆ ಒಳಗೆ ಮದ್ದು ಹೊತ್ತುತ್ತಿತ್ತು. ಆ ಮಿಂಚು ಕಂಡೊಡನೆ ಹಕ್ಕಿ ಹಾರಿಹೋಗುತ್ತಿತ್ತು. ಏಟು ಬಿದ್ದರೆ ಸಿಡಿಯುವ ರಾಸಾಯನಿಕವನ್ನು ಬಳಸಿ ಅವನು ಈ ತಡವನ್ನು ತಪ್ಪಿಸಿದ. 1807ರಲ್ಲಿ ಪೇಟೆಂಟ್ ಪಡೆದ. ನಮ್ಮ ಅಜ್ಜಂದಿರು ಇಟ್ಟುಕೊಂಡಿದ್ದ ಕೇಪಿನ ಕೋವಿಯಿಂದ ಹಿಡಿದು ಇಂದಿನ ಸೈನಿಕರ ರೈಫಲ್‌ವರೆಗೆ ಎಲ್ಲವೂ ಆ ಉಪಾಯದ ಸಂತಾನವೇ.

ವೋಲ್ಟಾನ ಪಿಸ್ತೂಲು

ಇನ್ನೊಂದು ಸೋಜಿಗ ಕೇಳಿ. ಫೋರ್ಸಿತ್‌ನ ಪೇಟೆಂಟ್‌ಗೆ 30 ವರ್ಷ ಮೊದಲೇ ವಿದ್ಯುತ್ತಿನಿಂದ ಹಾರುವ ಪಿಸ್ತೂಲು ಇತ್ತು! ಮಾಡಿದವನು ಇಟಲಿಯ ಅಲೆಸ್ಸಾಂಡ್ರೊ ವೋಲ್ಟಾ. ನಾವು ಬ್ಯಾಟರಿಯ ಮೇಲೆ ಓದುವ 'ವೋಲ್ಟ್' ಎಂಬ ಅಳತೆ ಇವನ ಹೆಸರಿನದೇ.

1776ರಲ್ಲಿ ವೋಲ್ಟಾ ಮಜ್ಜೋರೆ ಸರೋವರದ ಜೌಗು ದಡದಲ್ಲಿ ಕೆಸರನ್ನು ಕದಡಿ, ಮೇಲೆ ಬರುವ ಗುಳ್ಳೆಗಳನ್ನು ಸಂಗ್ರಹಿಸಿದ. ಅದು ಇಂದು ನಾವು ಮೀಥೇನ್ ಎನ್ನುವ ಅನಿಲ. ನಮ್ಮ ಹಳ್ಳಿಮನೆಗಳ ಗೋಬರ್ ಗ್ಯಾಸಿನಲ್ಲಿ ಉರಿಯುವುದೂ ಅದೇ. ಮರುವರ್ಷ ಅವನು ಆ ಅನಿಲ ಮತ್ತು ಗಾಳಿಯನ್ನು ಒಂದು ಪಾತ್ರೆಯಲ್ಲಿ ತುಂಬಿ, ಬಾಯಿಗೆ ಬಿರಡೆ ಬಿಗಿದು, ಒಳಗೆ ವಿದ್ಯುತ್ ಕಿಡಿ ಹಾರಿಸಿದ. ಢಂ ಎಂದು ಬಿರಡೆ ಹಾರಿತು. ಕೋಮೊ ಊರಿನಿಂದ ಮಿಲಾನ್ ನಗರದವರೆಗೆ ಕಂಬಗಳ ಮೇಲೆ ತಂತಿ ಎಳೆದು, ಇಲ್ಲಿ ಕಿಡಿ ಕೊಟ್ಟು ಅಲ್ಲಿ ಪಿಸ್ತೂಲು ಹಾರಿಸಬಹುದು ಎಂದೂ 1777ರ ಒಂದು ಪತ್ರದಲ್ಲಿ ಬರೆದ. ಟೆಲಿಗ್ರಾಫ್ ಬರುವುದಕ್ಕೆ ಎಷ್ಟೋ ಮೊದಲಿನ ಮಾತಿದು.

ನಿಮ್ಮ ಅಡುಗೆಮನೆಯ ಗ್ಯಾಸ್ ಲೈಟರ್ ಇದರ ಹತ್ತಿರದ ನೆಂಟ. 'ಟಕ್' ಎನ್ನುವಾಗ ಒಳಗಿನ ಸಣ್ಣ ಸುತ್ತಿಗೆ ಒಂದು ಹರಳಿಗೆ ಬಡಿಯುತ್ತದೆ. ಹರಳಿನಲ್ಲಿ ವಿದ್ಯುತ್ ಹುಟ್ಟಿ ಕಿಡಿ ಹಾರುತ್ತದೆ.

ಬಡಿಯುವ ಬದಲು ಕರೆಂಟ್

ವಿದ್ಯುತ್ ದಹನ ಎಂದಕೂಡಲೇ ಕೆಲವರು ಟೇಸರ್ ಅಥವಾ ರೈಲ್‌ಗನ್ ಎಂದುಕೊಳ್ಳುತ್ತಾರೆ. ಅವು ಬೇರೆ. ಟೇಸರ್ ಎದುರಿನವರಿಗೆ ಶಾಕ್ ಕೊಡುತ್ತದೆ. ರೈಲ್‌ಗನ್ ಮದ್ದೇ ಇಲ್ಲದೆ ವಿದ್ಯುತ್ ಬಲದಿಂದ ಗುಂಡು ತಳ್ಳುತ್ತದೆ. ನಾವು ಮಾತಾಡುತ್ತಿರುವುದರಲ್ಲಿ ಮದ್ದು ಅದೇ, ಗುಂಡು ಅದೇ. ಹೊತ್ತಿಸುವ ಬಗೆ ಮಾತ್ರ ಬದಲು. ಮೊಳೆ ಬಡಿಯುವುದಿಲ್ಲ; ಕೇಪನ್ನು ಮುಟ್ಟಿಕೊಂಡು ನಿಂತಿರುತ್ತದೆ. ಟ್ರಿಗರ್ ಎಂದರೆ ಒಂದು ಸ್ವಿಚ್. ಒತ್ತಿದಾಗ ಮೊಳೆಯ ಮೂಲಕ ಕರೆಂಟ್ ಹರಿದು ಕೇಪಿನೊಳಗಿನ ರಾಸಾಯನಿಕ ಬಿಸಿಯಾಗಿ ಹೊತ್ತಿಕೊಳ್ಳುತ್ತದೆ. ಹಳೆಯ ಬಲ್ಬಿನ ತಂತಿ ಕೆಂಪಗೆ ಕಾಯುವುದನ್ನು ನೋಡಿದವರಿಗೆ ಇದು ಸುಲಭವಾಗಿ ಅರ್ಥವಾಗುತ್ತದೆ.

ಇದರಿಂದ ಲಾಭವೇನು? ಮೊದಲನೆಯದು ಸಮಯ. ಸಾಮಾನ್ಯ ರೈಫಲ್‌ನಲ್ಲಿ ಟ್ರಿಗರ್ ಬಿಟ್ಟುಕೊಂಡ ಮೇಲೆ ಮೊಳೆ ಕೇಪಿಗೆ ತಾಗಲು ಸುಮಾರು 2ರಿಂದ 4 ಮಿಲಿಸೆಕೆಂಡ್ ಬೇಕು. ಕರೆಂಟ್‌ಗೆ ಆ ಪಯಣವೇ ಇಲ್ಲ. ಎರಡನೆಯದು ಅಲುಗಾಟ. ಸ್ಪ್ರಿಂಗ್ ಬಿಚ್ಚಿ ಉಕ್ಕು ಉಕ್ಕಿಗೆ ಬಡಿಯುವಾಗ ಕೋವಿ ಸ್ವಲ್ಪ ಕದಲುತ್ತದೆ. ಇಲ್ಲಿ ಅದೂ ಇಲ್ಲ.

ಆದರೆ 3 ಮಿಲಿಸೆಕೆಂಡ್ ಉಳಿತಾಯ ಎಷ್ಟು ದೊಡ್ಡದು? ಒಂದು ಸಣ್ಣ ಲೆಕ್ಕ ಹಾಕೋಣ. ಗುರಿ ಹಿಡಿದ ಕೈ ಅಲುಗಾಡಿ, ದೂರದ ಗುರಿಫಲಕದ ಮೇಲೆ ನಿಮ್ಮ ಗುರಿ ಸೆಕೆಂಡಿಗೆ 10 ಸೆಂಟಿಮೀಟರ್ ಜಾರುತ್ತಿದೆ ಎಂದುಕೊಳ್ಳಿ. 3 ಮಿಲಿಸೆಕೆಂಡ್‌ನಲ್ಲಿ ಅದು ಜಾರುವುದು 0.3 ಮಿಲಿಮೀಟರ್. ಕಣ್ಣಿಗೆ ಕಂಡದ್ದಕ್ಕೆ ಬೆರಳು ಪ್ರತಿಕ್ರಿಯಿಸಲು ಮನುಷ್ಯನಿಗೆ ಸುಮಾರು 200 ಮಿಲಿಸೆಕೆಂಡ್ ಬೇಕು. ಅಂದರೆ ನಿಧಾನವಾಗಿರುವುದು ಕೋವಿಯಲ್ಲ, ನಾವು. ಅತಿ ನಿಖರವಾಗಿ ಗುರಿ ಇಡುವ ಪರಿಣತರಿಗೆ ಈ ವ್ಯತ್ಯಾಸ ಬೇಕಾಗಬಹುದು. ತೋಟಕ್ಕೆ ನುಗ್ಗಿದ ಹಂದಿ ಓಡಿಸುವವರಿಗೆ ಅದರಿಂದ ಏನೂ ಆಗಬೇಕಾಗಿಲ್ಲ.

ಎಲ್ಲಿ ಇದು ಗೆದ್ದಿತು?

ಮನುಷ್ಯನ ಬೆರಳಿನ ವೇಗ ಸಾಲದೇ ಹೋದ ಕಡೆ ವಿದ್ಯುತ್ ಗೆದ್ದಿತು. ಮೊದಲ ಉದಾಹರಣೆ ಯುದ್ಧವಿಮಾನ. ಮೂತಿಯಲ್ಲಿ ತಿರುಗುವ ರೆಕ್ಕೆಯಿರುವ ವಿಮಾನದಲ್ಲಿ ಅದರ ಹಿಂದೆ ಮೆಷಿನ್ ಗನ್ ಇಟ್ಟರೆ, ಗುಂಡು ಎರಡು ರೆಕ್ಕೆಗಳ ನಡುವಿನ ಸಂದಿಯಲ್ಲೇ ಹಾದುಹೋಗಬೇಕು. ಕ್ಷಣ ತಪ್ಪಿದರೆ ಸ್ವಂತ ವಿಮಾನದ ರೆಕ್ಕೆಗೇ ಗುಂಡು. ಮೊದಲ ಮಹಾಯುದ್ಧದಲ್ಲಿ ಇದನ್ನು ಸರಳು, ಗೇರುಗಳಿಂದ ಹೊಂದಿಸುತ್ತಿದ್ದರು. ಎರಡನೇ ಮಹಾಯುದ್ಧದ ಹೊತ್ತಿಗೆ ಜರ್ಮನಿ ಎಂಜಿ 131 ಎಂಬ 13 ಮಿ.ಮೀ. ಗನ್ನಿಗೆ ವಿದ್ಯುತ್ ಕೇಪಿನ ತೋಟಾ ಬಳಸಿತು. ತಂತಿಯ ಮೂಲಕ ಸರಿಯಾದ ಕ್ಷಣಕ್ಕೆ ಕರೆಂಟ್ ಕಳಿಸಿದರಾಯಿತು.

ಎರಡನೆಯದು ಅಮೆರಿಕದ ಎಂ61 ವಲ್ಕನ್. ಆರು ನಳಿಗೆಗಳ ಈ 20 ಮಿ.ಮೀ. ಗನ್ ನಿಮಿಷಕ್ಕೆ 6,000 ಗುಂಡು ಹಾರಿಸುತ್ತದೆ, ಅಂದರೆ ಸೆಕೆಂಡಿಗೆ 100. ಪ್ರತಿಯೊಂದು ಗುಂಡಿಗೂ ವಿದ್ಯುತ್ ಕೇಪು. ನಮ್ಮ ವಾಯುಪಡೆಯ ಸುಖೋಯ್-30 ಎಂಕೆಐ ವಿಮಾನದ 30 ಮಿ.ಮೀ. ಗನ್ನಿನ ಗುಂಡುಗಳೂ ಹೀಗೆ ವಿದ್ಯುತ್ತಿನಿಂದಲೇ ಹೊತ್ತಿಕೊಳ್ಳುತ್ತವೆ.

ಮೂರನೆಯದು ಟ್ಯಾಂಕ್. ಇಲ್ಲಿ ಒಂದು ಸ್ವಾರಸ್ಯವಿದೆ. ಭಾರತೀಯ ಸೇನೆಯ ಟಿ-72, ಟಿ-90 ಟ್ಯಾಂಕ್‌ಗಳ 125 ಮಿ.ಮೀ. ತೋಪಿಗೆ ಹಾಕುವ ಮದ್ದಿನ ಕೇಪು ಎರಡೂ ರೀತಿಯಲ್ಲಿ ಹೊತ್ತಿಕೊಳ್ಳಬಲ್ಲದು: ಕರೆಂಟ್ ಕೊಟ್ಟರೂ ಸರಿ, ಬಡಿದರೂ ಸರಿ. ಅಮೆರಿಕದ ಅಬ್ರಾಮ್ಸ್ ಟ್ಯಾಂಕಿನಲ್ಲಿ ತೋಪು ಹಾರುವುದು ವಿದ್ಯುತ್ತಿನಿಂದಲೇ. ಆದರೆ ಟ್ಯಾಂಕಿನ ಕರೆಂಟ್ ಕೈಕೊಟ್ಟರೆ ಇರಲಿ ಎಂದು ಕೈಯಿಂದ ತಿರುಗಿಸಿ ವಿದ್ಯುತ್ ಹುಟ್ಟಿಸುವ ಒಂದು ಹಿಡಿಯನ್ನೂ ಒಳಗೆ ಇಟ್ಟಿದ್ದಾರೆ. ಇಷ್ಟೆಲ್ಲ ಎಲೆಕ್ಟ್ರಾನಿಕ್ಸ್ ತುಂಬಿದ ಯಂತ್ರವನ್ನು ಮಾಡಿದ ಎಂಜಿನಿಯರ್‌ಗಳೂ ದೊಡ್ಡಪ್ಪ ಕೇಳಿದ ಪ್ರಶ್ನೆಯನ್ನೇ ಕೇಳಿಕೊಂಡಿದ್ದಾರೆ: ಸ್ಟಾರ್ಟ್ ಆಗದಿದ್ದರೆ ತಳ್ಳುವುದು ಹೇಗೆ?

ಅಂಗಡಿಯಲ್ಲಿ ಸೋತ ಕೋವಿ

ಕೈಯಲ್ಲಿ ಹಿಡಿಯುವ ಕೋವಿಗೂ ಇದನ್ನು ತರುವ ಪ್ರಯತ್ನಗಳಾಗಿವೆ. ಆಸ್ಟ್ರಿಯಾದ ವೋರೆ ಕಂಪನಿ 1991ರಲ್ಲಿ ವಿಇಸಿ-91 ಎಂಬ ಬ್ಯಾಟರಿ ರೈಫಲ್ ತಂದಿತು. ಅದರ ಗುಂಡಿಗೆ ಲೋಹದ ಕೊಳವೆಯೂ ಇರಲಿಲ್ಲ. 2000ರಲ್ಲಿ ಅಮೆರಿಕದ ರೆಮಿಂಗ್ಟನ್ ಕಂಪನಿ ತನ್ನ ಜನಪ್ರಿಯ ಮಾಡೆಲ್ 700 ರೈಫಲ್‌ಗೆ ವಿದ್ಯುತ್ ದಹನ ಅಳವಡಿಸಿ 'ಈಟ್ರಾನ್‌ಎಕ್ಸ್' ಹೆಸರಿನಲ್ಲಿ ಮಾರಾಟಕ್ಕಿಟ್ಟಿತು. ಹಿಂಬದಿಯ ಹಿಡಿಯೊಳಗೆ, ನಾವು ರಿಮೋಟ್ ಆಟಿಕೆಗಳಿಗೆ ಹಾಕುವಂಥ 9 ವೋಲ್ಟಿನ ಬ್ಯಾಟರಿ. ಸಿದ್ಧವಾಗಿದೆಯೇ ಎಂದು ತಿಳಿಸಲು ಒಂದು ಸಣ್ಣ ದೀಪ.

ಕೋವಿ ಚೆನ್ನಾಗಿಯೇ ಕೆಲಸ ಮಾಡುತ್ತಿತ್ತು. ಆದರೂ ಕೆಲವೇ ವರ್ಷಗಳಲ್ಲಿ ಕಂಪನಿ ಅದನ್ನು ನಿಲ್ಲಿಸಿತು. ಬೆಲೆ ಹೆಚ್ಚು. ಅದಕ್ಕಿಂತ ದೊಡ್ಡ ತೊಡಕು ತೋಟಾದ್ದು. ಅದಕ್ಕೆ ವಿದ್ಯುತ್ ಕೇಪಿನ ತೋಟಾವೇ ಬೇಕು. ಪೇಟೆಯಲ್ಲಿ ಎಲ್ಲೆಡೆ ಸಿಗುವ ಮಾಮೂಲಿ ತೋಟಾ ಅದರಲ್ಲಿ ಹಾರುವುದಿಲ್ಲ. ಮೊಬೈಲ್ ಕೊಂಡ ಮೇಲೆ ಅದರ ಚಾರ್ಜರ್ ಒಂದೇ ಅಂಗಡಿಯಲ್ಲಿ ಸಿಗುತ್ತದೆ ಎಂದರೆ ಹೇಗಿರುತ್ತದೆ, ಹಾಗೆ. ಜೊತೆಗೆ ಬೇಟೆಗಾರನ ಮನಸ್ಸಿನಲ್ಲಿ ಒಂದು ಅನುಮಾನ: ಚಳಿಯಲ್ಲಿ, ಮಳೆಯಲ್ಲಿ, ಕಾಡಿನ ನಡುವೆ ಬ್ಯಾಟರಿ ಸತ್ತರೆ?

ಎರಡು ಬಗೆಯ ಸೋಲು

ಇಲ್ಲಿಗೆ ವಿಷಯದ ತಿರುಳಿಗೆ ಬಂದೆವು. ಯಾವ ಯಂತ್ರವೂ ಒಂದಲ್ಲ ಒಂದು ದಿನ ಕೈಕೊಡುತ್ತದೆ. ಆಯುಧ ಎರಡು ರೀತಿಯಲ್ಲಿ ಕೈಕೊಡಬಹುದು. ಹಾರಬೇಕಾದಾಗ ಹಾರದೇ ಇರುವುದು ಒಂದು. ಹಾರಬಾರದಾಗ ಹಾರಿಬಿಡುವುದು ಇನ್ನೊಂದು. ಬ್ಯಾಟರಿ ಸತ್ತರೆ ಮೊದಲನೆಯದು. ಎಲ್ಲಿಂದಲೋ ಬೇಡದ ಕರೆಂಟ್ ಬಂದರೆ ಎರಡನೆಯದು. ಎರಡನೆಯದರ ಬೆಲೆ ಎಷ್ಟು ಎಂಬುದನ್ನು ಜಗತ್ತು ನೋಡಿದೆ.

1967ರ ಜುಲೈ 29. ವಿಯೆಟ್ನಾಂ ಯುದ್ಧದ ಸಮಯ. ಟಾಂಕಿನ್ ಕೊಲ್ಲಿಯಲ್ಲಿದ್ದ ಅಮೆರಿಕದ ವಿಮಾನವಾಹಕ ಹಡಗು ಯುಎಸ್‌ಎಸ್ ಫಾರೆಸ್ಟಲ್‌ನ ಮೇಲೆ ವಿಮಾನಗಳು ದಾಳಿಗೆ ಹೊರಡಲು ಸಾಲಾಗಿ ನಿಂತಿದ್ದವು. ಒಂದು ಫ್ಯಾಂಟಮ್ ವಿಮಾನದಲ್ಲಿ ಹೊರಗಿನ ಕರೆಂಟ್‌ನಿಂದ ವಿಮಾನದ ಸ್ವಂತ ಕರೆಂಟ್‌ಗೆ ಬದಲಾಯಿಸುವಾಗ ಒಮ್ಮೆಲೇ ವಿದ್ಯುತ್ ಏರಿತು. ರೆಕ್ಕೆಯ ಕೆಳಗಿದ್ದ ಝೂನಿ ರಾಕೆಟ್ ಯಾರೂ ಗುಂಡಿ ಒತ್ತದೆ ಹಾರಿತು. ಎದುರು ಸಾಲಿನ ವಿಮಾನದ ಇಂಧನ ಟ್ಯಾಂಕ್ ಒಡೆಯಿತು, ಬೆಂಕಿ ಹತ್ತಿತು, ಬಾಂಬುಗಳು ಒಂದರ ಹಿಂದೊಂದು ಸಿಡಿದವು. 134 ಜನ ಸತ್ತರು.

ಝೂನಿ ಬಂದೂಕಲ್ಲ, ರಾಕೆಟ್ ನಿಜ. ಆದರೆ ಹೊತ್ತಿಸುವ ತತ್ವ ಒಂದೇ: ಕರೆಂಟ್ ಬಂದರೆ ಹಾರು. ಆ ಕರೆಂಟ್ ಕಳಿಸಿದ್ದು ಮನುಷ್ಯನ ಬೆರಳೋ, ತಂತಿಯ ದೋಷವೋ ಎಂಬುದು ಕೇಪಿಗೆ ಗೊತ್ತಾಗುವುದಿಲ್ಲ. ಇಂಥ ದುರಂತ ಮತ್ತೆ ಆಗದಿರಲೆಂದೇ ಒಂದರ ಮೇಲೊಂದು ತಡೆ ಹಾಕುತ್ತಾರೆ: ಸುರಕ್ಷಾ ಪಿನ್, ಕೊನೆಯ ಕ್ಷಣದವರೆಗೆ ಬಿಡಿಸಿಟ್ಟ ತಂತಿ, ರೇಡಾರ್ ಅಲೆಗಳಿಂದ ರಕ್ಷಿಸುವ ಹೊದಿಕೆ. ಫಾರೆಸ್ಟಲ್‌ನಲ್ಲಿ ಸೋತದ್ದು ಒಂದು ತಂತಿ ಮಾತ್ರವಲ್ಲ. ಇದ್ದ ತಡೆಗಳೂ ಆ ಹೊತ್ತಿನಲ್ಲಿ ಜಾಗದಲ್ಲಿರಲಿಲ್ಲ.

ಸೈನ್ಯಕ್ಕೆ ಇಷ್ಟೆಲ್ಲ ನಿಯಮ ಪಾಲಿಸಲು ತರಬೇತಿಯಾದ ಜನರಿದ್ದಾರೆ. ಮನೆಯಲ್ಲಿ ಬೀರುವಿನ ಹಿಂದೆ ಕೋವಿ ನಿಲ್ಲಿಸುವವರಿಗೆ?

ಎರಡು ತಪ್ಪು ತಿಳಿವಳಿಕೆ

"ಮೊಬೈಲ್ ಸಿಗ್ನಲ್‌ನಿಂದ ಕೋವಿ ಹಾರಿಬಿಡುತ್ತದೆ": ಇಲ್ಲ. ನಮ್ಮ ಮನೆಗಳಲ್ಲಿರುವ ಲೈಸೆನ್ಸ್ ಕೋವಿಗಳೆಲ್ಲ ಬಡಿದು ಹೊತ್ತಿಸುವ ಬಗೆಯವು. ಅದರಲ್ಲಿ ತಂತಿಯೂ ಇಲ್ಲ, ಸ್ವಿಚ್ಚೂ ಇಲ್ಲ. ಸಿಗ್ನಲ್ ಬಂದು ಮೊಳೆಯನ್ನು ತಳ್ಳಲಾರದು. ರೇಡಿಯೊ ಅಲೆಗಳ ಬಗ್ಗೆ ಎಚ್ಚರ ಬೇಕಾಗುವುದು ವಿದ್ಯುತ್ ಕೇಪಿನ ಸ್ಫೋಟಕಗಳಿಗೆ. ಅವುಗಳ ಉದ್ದನೆಯ ತಂತಿ ಆಂಟೆನಾದಂತೆ ಅಲೆಗಳನ್ನು ಹಿಡಿಯಬಹುದು. ಕಲ್ಲುಗಣಿ ಬಳಿ ಫೋನ್ ಬಳಸಬೇಡಿ ಎಂಬ ಫಲಕ ಕಂಡರೆ ಪಾಲಿಸಿ.

"ನಿಮಿಷಕ್ಕೆ ಹತ್ತು ಲಕ್ಷ ಗುಂಡು ಹಾರಿಸುವ ಗನ್ ಇದೆ": ಇದು ಅರ್ಧ ಸತ್ಯ. ಆಸ್ಟ್ರೇಲಿಯಾದ ಮೆಟಲ್ ಸ್ಟಾರ್ಮ್ ಎಂಬ ಕಂಪನಿ ನಳಿಗೆಯೊಳಗೇ ಗುಂಡುಗಳನ್ನು ಒಂದರ ಹಿಂದೊಂದು ಜೋಡಿಸಿ, ವಿದ್ಯುತ್ತಿನಿಂದ ಸರದಿಯಂತೆ ಹಾರಿಸುವ ಗನ್ ಮಾಡಿತ್ತು. 36 ನಳಿಗೆಗಳಿಂದ 180 ಗುಂಡುಗಳು ಸೆಕೆಂಡಿನ ನೂರರಲ್ಲೊಂದು ಭಾಗದಲ್ಲಿ ಹಾರಿದವು. ಆ ವೇಗವನ್ನು ನಿಮಿಷಕ್ಕೆ ಗುಣಿಸಿದರೆ ಹತ್ತು ಲಕ್ಷ ದಾಟುತ್ತದೆ. ಆದರೆ ಗನ್ನಿನಲ್ಲಿ ಇದ್ದದ್ದೇ 180! ನೂರು ಮೀಟರ್ ಓಡಿದವನ ವೇಗ ಹಿಡಿದು "ದಿನಕ್ಕೆ 800 ಕಿಲೋಮೀಟರ್ ಓಡುತ್ತಾನೆ" ಎಂದ ಹಾಗೆ. ಕಂಪನಿ 2012ರಲ್ಲಿ ಮುಳುಗಿತು.

ಬೆರಳಚ್ಚು ನೋಡುವ ಕೋವಿ

ತಮ್ಮನ ಪ್ರಶ್ನೆಯಲ್ಲಿ ಒಂದು ಆಸೆಯೂ ಇತ್ತು. ಫೋನಿನಂತೆ ಕೋವಿಯೂ ಒಡೆಯನ ಬೆರಳು ಗುರುತಿಸಿದರೆ, ಮಕ್ಕಳ ಕೈಗೆ ಸಿಕ್ಕಿ ಆಗುವ ಅನಾಹುತ ತಪ್ಪುತ್ತದಲ್ಲ? ವಿದ್ಯುತ್ ದಹನಕ್ಕೆ ಇಲ್ಲಿ ನಿಜವಾದ ಅವಕಾಶವಿದೆ. ಕೇಪಿಗೆ ಕರೆಂಟೇ ಬೇಕೆಂದಾದರೆ, ಗುರುತು ಸಿಗದವರಿಗೆ ಕರೆಂಟ್ ಕೊಡದಿದ್ದರಾಯಿತು.

ಇದುವರೆಗೆ ಹೆಸರು ಮಾಡಿದ 'ಸ್ಮಾರ್ಟ್' ಗನ್ ಹಾಗಿರಲಿಲ್ಲ. ಜರ್ಮನಿಯ ಆರ್ಮಾಟಿಕ್ಸ್ ಕಂಪನಿಯ ಐಪಿ1 ಪಿಸ್ತೂಲು, ಒಡೆಯನ ಕೈಯಲ್ಲಿರುವ ವಿಶೇಷ ಗಡಿಯಾರ ಹತ್ತಿರವಿದ್ದರೆ ಮಾತ್ರ ಹಾರುತ್ತಿತ್ತು. ಆದರೆ ಅದರೊಳಗೆ ಬಡಿಯುವ ಮೊಳೆಯೇ ಇತ್ತು; ಎಲೆಕ್ಟ್ರಾನಿಕ್ಸ್ ಆ ಮೊಳೆಗೆ ಅಡ್ಡ ಹಾಕಿದ ಚಿಲಕ ಮಾತ್ರ. 2017ರಲ್ಲಿ ಒಬ್ಬ ಹ್ಯಾಕರ್ ಸುಮಾರು 15 ಡಾಲರ್ ಬೆಲೆಯ ಅಯಸ್ಕಾಂತಗಳಿಂದ ಆ ಚಿಲಕವನ್ನು ಸರಿಸಿ, ಗಡಿಯಾರವಿಲ್ಲದೆಯೇ ಗುಂಡು ಹಾರಿಸಿ ತೋರಿಸಿದ. ಚಿಲಕ ಎಷ್ಟೇ ಜಾಣವಾದರೂ, ಅದನ್ನೇ ನಂಬಿ ಗುಂಡು ತುಂಬಿದ ಕೋವಿಯನ್ನು ಮಂಚದ ಪಕ್ಕ ಇಟ್ಟರೆ ಅಪಾಯ ಕಡಿಮೆಯಾಗುವುದಿಲ್ಲ, ಎಚ್ಚರ ಕಡಿಮೆಯಾಗುತ್ತದೆ.

ನಮ್ಮ ಮನೆಗಳ ಮಟ್ಟಿಗೆ ಕೆಲಸ ಮಾಡುವ ತಂತ್ರಜ್ಞಾನ ಹಳೆಯದೇ. ಬಳಸದಾಗ ಕೋವಿ ಖಾಲಿ ಇರಲಿ. ಕೋವಿಗೆ ಒಂದು ಬೀಗ, ತೋಟಾಕ್ಕೆ ಬೇರೆ ಕಡೆ ಇನ್ನೊಂದು ಬೀಗ. ಕೀಲಿ ಮಕ್ಕಳಿಗೆ ಸಿಗದ ಜಾಗದಲ್ಲಿ. ಹಾಳಾದ ಕೋವಿಯನ್ನು ಮನೆಯಲ್ಲೇ ಬಿಚ್ಚಿ ರಿಪೇರಿ ಮಾಡಬೇಡಿ. ಲೈಸೆನ್ಸ್ ಇರುವ ರಿಪೇರಿಯವರ ಬಳಿಗೇ ಒಯ್ಯಿರಿ.

ಅಂದು ಮನೆ ತಲುಪಿದ ಮೇಲೆ ದೊಡ್ಡಪ್ಪ ಕೋವಿ ಮುರಿದು, ಎರಡೂ ನಳಿಗೆ ಖಾಲಿಯಿದೆಯೇ ಎಂದು ನೋಡಿ, ನಮಗೂ ತೋರಿಸಿ, ಆಮೇಲೆ ಬೀರುವಿಗಿಟ್ಟು ಬೀಗ ಹಾಕಿದರು. ಠಾಣೆಯಿಂದ ಖಾಲಿಯೇ ಬಂದಿತ್ತಲ್ಲ ಎಂದೆ. "ನನಗೆ ಗೊತ್ತು. ಆದ್ರೂ ನೋಡ್ಬೇಕು" ಎಂದರು. ಆಮೇಲೆ ಅಜ್ಜನ ಕಾಲದ ಮಾತು ಹೇಳಿದರು. ಮಳೆಗಾಲದಲ್ಲಿ ಕೇಪು ಒದ್ದೆಯಾದರೆ ಕುದುರೆ 'ಟಕ್' ಎಂದು ಬಿದ್ದು ಕೋವಿ ಸುಮ್ಮನಾಗುತ್ತಿತ್ತಂತೆ. ಕೆಲವೊಮ್ಮೆ ನಾಲ್ಕಾರು ಕ್ಷಣ ಬಿಟ್ಟು ಢಂ ಎನ್ನುತ್ತಿತ್ತಂತೆ. ಅದಕ್ಕೇ ಅಜ್ಜ ಹೇಳುತ್ತಿದ್ದದ್ದು: ಸುಮ್ಮನಾದ ಕೋವಿಗೆ ಮುಖ ತೋರಿಸಬೇಡ. ಇಂದಿನ ಸುರಕ್ಷತಾ ನಿಯಮವೂ ಅದೇ: ಹಾರದ ಕೋವಿಯ ಮೂತಿಯನ್ನು ಯಾರೂ ಇಲ್ಲದ ಕಡೆಗೇ ಹಿಡಿದು ಕನಿಷ್ಠ ಒಂದು ನಿಮಿಷ ಕಾಯಬೇಕು.

ಕಾರಿನ ಬಟನ್ ಒಮ್ಮೆ ಕೈಕೊಟ್ಟರೆ ನಮಗೆ ಆಫೀಸಿಗೆ ತಡವಾಗುತ್ತದೆ, ಅಷ್ಟೇ. ಕೋವಿಗೆ ಬಟನ್ ಬರದೇ ಇರುವುದು ಯಾರಿಗೂ ತಿಳಿಯದೆ ಅಲ್ಲ. ಕೈಕೊಟ್ಟಾಗ ಅದು ಯಾವ ಕಡೆಗೆ ಕೈಕೊಡುತ್ತದೆ ಎಂಬ ಪ್ರಶ್ನೆಗೆ, ಮನೆಯಲ್ಲಿಟ್ಟು ನಿದ್ದೆ ಮಾಡಬಹುದಾದಂಥ ಉತ್ತರ ಇನ್ನೂ ಸಿಕ್ಕಿಲ್ಲ.